ಕೊಲೆಯತ್ನದ ಕಲಮೂ ಸೆಷನ್ಸ್ ಕೋರ್ಟಿನ ಹೊಸ್ತಿಲೂ

ಪೀಣ್ಯದಿಂದ ನೆಲಮಂಗಲದವರೆಗೆ ತುಮಕೂರು ರಸ್ತೆಯ ಎರಡು ಮಗ್ಗುಲಲ್ಲಿಯೂ ದುಡಿದು ಬದುಕುವ ಜನರಿಗೆ ದಂಡಸಂಹಿತೆಯ ಕಲಮುಗಳ ಪರಿಚಯ ಹೆಚ್ಚೇನೂ ಇಲ್ಲ. ಆದರೆ ಒಂದು ಅಂಕಿಯನ್ನು ಮಾತ್ರ ಮಾದನಾಯಕನಹಳ್ಳಿಯ ಕಾರ್ಖಾನೆ ಕೂಲಿಯೂ ಬಲ್ಲ, ದಾಸನಪುರದ ತರಕಾರಿ ವ್ಯಾಪಾರಿಯೂ ಬಲ್ಲ. ‘ತ್ರೀ ನಾಟ್ ಸೆವೆನ್ ಹಾಕಿದ್ದಾರೆ’ ಎಂಬ ಸುದ್ದಿ ಬಂದ ಮನೆಯಲ್ಲಿ ಆ ರಾತ್ರಿ ಒಲೆ ಹತ್ತುವುದಿಲ್ಲ. ೨೦೨೪ನೆಯ ಇಸವಿ ಜುಲೈ ೧ರಿಂದ ಭಾರತೀಯ ದಂಡಸಂಹಿತೆಯ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆ ಬಂದು ೩೦೭ ಎಂಬುದು ೧೦೯ ಆಗಿದೆ. ಜನರ ಬಾಯಲ್ಲಿ ಮಾತ್ರ ಹಳೆಯ ಅಂಕಿಯೇ ಉಳಿದಿದೆ. ಉಳಿಯಲಿ, ಸಾಮಾನ್ಯ ಆಪಾದಿತನ ಮಟ್ಟಿಗೆ ಶಿಕ್ಷೆಯ ತೂಕವೇನೂ ಬದಲಾಗಿಲ್ಲ. ಹತ್ತು ವರ್ಷಗಳವರೆಗೆ ಸೆರೆ ಮತ್ತು ಜುಲ್ಮಾನೆ. ಪೆಟ್ಟು ಬಿದ್ದಿದ್ದರೆ ಜೀವಾವಧಿಯವರೆಗೂ ಹೋಗಬಹುದು. ಪೋಲೀಸರು ವಾರಂಟಿಲ್ಲದೆ ಹಿಡಿಯಬಹುದು. ಠಾಣೆಯಲ್ಲಿ ಜಾಮೀನು ಹಕ್ಕಾಗಿ ಸಿಕ್ಕುವುದಿಲ್ಲ. ವಿಚಾರಣೆ ಸೆಷನ್ಸ್ ಕೋರ್ಟಿನಲ್ಲಿಯೇ ಆಗತಕ್ಕದ್ದು. ಹೊಡೆದವರೂ ಹೊಡೆಸಿಕೊಂಡವರೂ ಕೂಡಿ ಕೈಕುಲುಕಿದರೂ ಕೆಳಗಿನ ಕೋರ್ಟು ರಾಜಿಯ ಮೇಲೆ ಅದನ್ನು ಮುಗಿಸುವಂತಿಲ್ಲ.

ಇಷ್ಟು ಭಾರದ ಕಲಮನ್ನು ಕಾಗದದ ಮೇಲೆ ಬರೆಯುವುದಕ್ಕೆ ಮಾತ್ರ ಬೇಕಾದದ್ದು ಬಹಳ ಕಡಿಮೆ. ಗೇಟಿನ ಮುಂದೆ ನೂಕಾಟವಾಯಿತು, ಒಬ್ಬನ ಹಣೆ ಒಡೆಯಿತು. ಅಂಗಡಿಯ ಮುಂದಿನ ಮೂರಡಿ ಜಾಗಕ್ಕಾಗಿ ಎರಡು ಮನೆತನ ಹೊಡೆದಾಡಿದವು. ‘ನಿನ್ನನ್ನು ಮುಗಿಸಿಯೇ ಬಿಡುತ್ತೇನೆ’ ಎಂದು ಕೂಗಿದನಂತೆ ಎಂದು ಫಿರ್ಯಾದಿಯಲ್ಲಿ ಒಂದು ಸಾಲು ಸೇರಿತು. ಹೀಗೆ ಸೇರಿದ ಆ ಒಂದು ಸಾಲಿನ ಮೇಲೆ ಮನುಷ್ಯನೊಬ್ಬನ ಐದಾರು ವರ್ಷ ನಿಂತುಬಿಡುತ್ತದೆ.

ಈ ವಾರ ನಾವು ಬರೆಯಹೊರಟಿರುವುದು ಆ ಐದಾರು ವರ್ಷಗಳ ಆರಂಭದಲ್ಲಿಯೇ ಇರುವ ಒಂದು ಬಾಗಿಲಿನ ವಿಷಯ. ಕಾನೂನು ಅದನ್ನು ತೆರೆದಿಟ್ಟಿದೆ. ಬಡವನಿಗೆ ಮಾತ್ರ ಅದು ಇದೆಯೆಂದು ಯಾರೂ ಹೇಳುವುದಿಲ್ಲ. ಅದರ ಹೆಸರು ಡಿಸ್ಚಾರ್ಜು.

ಮೇಷ್ಟರಾಗಿದ್ದವನಿಗೆ ಪದಗಳನ್ನು ಬಿಡಿಸಿ ಹೇಳುವ ಚಟ ಬಿಡುವುದಿಲ್ಲ, ಓದುಗರು ಕ್ಷಮಿಸಬೇಕು. ನಮ್ಮ ಜನ ಜೈಲಿನಿಂದ ಹೊರಗೆ ಬಂದುದಕ್ಕೆಲ್ಲ ‘ಬಿಡುಗಡೆಯಾಯಿತು’ ಎಂದೇ ಅನ್ನುತ್ತಾರೆ. ಇಲ್ಲಿ ಮೂರು ಬೇರೆ ಬೇರೆ ಸಂಗತಿಗಳಿವೆ. ಜಾಮೀನೆಂದರೆ ಮೊಕದ್ದಮೆ ನಿಂತೇ ಇರುತ್ತದೆ, ಮನುಷ್ಯ ಮಾತ್ರ ಹೊರಗಿರುತ್ತಾನೆ. ಖುಲಾಸೆಯೆಂದರೆ ಸಾಕ್ಷಿಗಳೆಲ್ಲ ಬಂದು ಹೇಳಿ, ಸವಾಲು ಪಾಟೀಸವಾಲು ಮುಗಿದು, ಕಡೆಗೆ ತಪ್ಪಿತಸ್ಥನಲ್ಲವೆಂದು ತೀರ್ಪಾಗುವುದು. ಡಿಸ್ಚಾರ್ಜು ಇವೆರಡರ ನಡುವಿನದು. ಪೋಲೀಸರು ಸಲ್ಲಿಸಿದ ಆರೋಪಪಟ್ಟಿಯನ್ನೂ ಅದರ ಜೊತೆಗಿಟ್ಟ ಕಾಗದಗಳನ್ನೂ ಓದಿ, ಎರಡು ಕಡೆಯ ವಾದವನ್ನು ಕೇಳಿ, ‘ಇವನ ಮೇಲೆ ವಿಚಾರಣೆ ನಡೆಸುವುದಕ್ಕೆ ಸಾಕಷ್ಟು ಆಧಾರವೇ ಇಲ್ಲ’ ಎಂದು ಕಂಡರೆ ಒಬ್ಬ ಸಾಕ್ಷಿಯನ್ನೂ ಕರೆಯದೆ ನ್ಯಾಯಾಧೀಶರು ಆಪಾದಿತನನ್ನು ಬಿಟ್ಟುಬಿಡುವುದು. ಇದು ಖುಲಾಸೆಯಷ್ಟು ಗಟ್ಟಿಯಲ್ಲ. ಮುಂದೆ ಹೊಸ ಸಾಕ್ಷ್ಯ ಸಿಕ್ಕರೆ ಕಾನೂನು ಮತ್ತೆ ಕೈಯಿಡಬಹುದು. ಆದರೆ ವರ್ಷಗಟ್ಟಲೆ ವಾಯಿದೆಗೆ ಅಲೆದು, ದಿನಗೂಲಿ ಕಳೆದುಕೊಂಡು, ಕೊನೆಗೆ ನಿರಪರಾಧಿಯೆನಿಸಿಕೊಳ್ಳುವವನಿಗೆ ಈ ಬಾಗಿಲಿನ ಬೆಲೆ ಎಷ್ಟೆಂದು ನಾವು ಹೇಳಬೇಕಾಗಿಲ್ಲ.

ಈ ಬಾಗಿಲಿಗೂ ಒಂದು ಚರಿತ್ರೆಯಿದೆ. ೧೮೯೮ರ ಹಳೆಯ ದಂಡಪ್ರಕ್ರಿಯಾ ಸಂಹಿತೆಯ ಕಾಲದಲ್ಲಿ ಸೆಷನ್ಸ್ ಮೊಕದ್ದಮೆಗಳೆಲ್ಲ ಮೊದಲು ಮ್ಯಾಜಿಸ್ಟ್ರೇಟರ ಮುಂದೆ ಒಪ್ಪಿಸುವಿಕೆಯ ವಿಚಾರಣೆಗೆ ಬರುತ್ತಿದ್ದವು. ಅಲ್ಲಿ ಆಧಾರವಿಲ್ಲವೆಂದು ತೋರಿದರೆ ಮ್ಯಾಜಿಸ್ಟ್ರೇಟರೇ ಬಿಟ್ಟುಬಿಡಬಹುದಾಗಿತ್ತು. ಅದರಿಂದ ವೃಥಾ ಕಾಲಹರಣವಾಗುತ್ತದೆಂದು ೧೯೭೩ರ ಸಂಹಿತೆ ಆ ವಿಚಾರಣೆಯನ್ನೇ ತೆಗೆದುಹಾಕಿತು. ೧೯೭೪ರ ಏಪ್ರಿಲ್ ೧ರಿಂದ ಮ್ಯಾಜಿಸ್ಟ್ರೇಟರ ಕೆಲಸ ಬಹುಮಟ್ಟಿಗೆ ಕಾಗದ ಕೊಟ್ಟು ಮೇಲಕ್ಕೆ ಕಳುಹಿಸುವುದಾಯಿತು. ಒಂದು ಜರಡಿ ಹೋದುದಕ್ಕೆ ಬದಲಾಗಿ ಇನ್ನೊಂದು ಜರಡಿ ಬೇಕಲ್ಲವೆ? ಅದಕ್ಕಾಗಿಯೇ ಸೆಷನ್ಸ್ ಜಡ್ಜರ ಕೈಗೆ ೨೨೭ನೆಯ ಕಲಮನ್ನು ಕೊಡಲಾಯಿತು. ಇಂದಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದೇ ೨೫೦ನೆಯ ಕಲಮಾಗಿದೆ. ೨೦೨೪ರ ಜುಲೈ ೧ಕ್ಕೆ ಮೊದಲೇ ಕೋರ್ಟಿನಲ್ಲಿದ್ದ ವಿಚಾರಣೆಗಳು ಹಳೆಯ ಕಲಮಿನಂತೆಯೇ ನಡೆಯುತ್ತವೆ.

ಈ ಕಲಮನ್ನು ಹೇಗೆ ಓದಬೇಕೆಂಬುದಕ್ಕೆ ದೇಶದ ಎಲ್ಲ ಕೋರ್ಟುಗಳೂ ಇಂದಿಗೂ ಎತ್ತಿ ಹೇಳುವ ತೀರ್ಪುಗಳಲ್ಲೊಂದು ನಮ್ಮ ನಾಡಿನಿಂದಲೇ ಹೋದದ್ದು ಎಂಬುದು ಬಹುಮಂದಿಗೆ ತಿಳಿಯದು. ಕರ್ನಾಟಕ ರಾಜ್ಯ ವಿರುದ್ಧ ಎಲ್. ಮುನಿಸ್ವಾಮಿ ಎಂಬುದು ಅದರ ಹೆಸರು; ಸುಪ್ರೀಂ ಕೋರ್ಟು ತೀರ್ಪು ಕೊಟ್ಟದ್ದು ೧೯೭೭ರ ಮಾರ್ಚಿಯಲ್ಲಿ. ಒಬ್ಬ ವ್ಯಕ್ತಿಯ ಮೇಲೆ ಹಲ್ಲೆ ನಡೆಯಿತು. ಪೋಲೀಸರು ಹೊಡೆದವರನ್ನಷ್ಟೇ ಅಲ್ಲ, ಒಳಸಂಚು ಮಾಡಿದರೆಂದು ಇನ್ನೂ ಅನೇಕರನ್ನು ಸೇರಿಸಿ ೨೦ ಮಂದಿಯ ಮೇಲೆ ಆರೋಪಪಟ್ಟಿ ಹಾಕಿದರು. ಕಲಮುಗಳು ೩೨೪, ೩೨೬ ಮತ್ತು ೩೦೭. ಎಲ್ಲರನ್ನೂ ಒಂದೇ ಹಗ್ಗದಲ್ಲಿ ಕಟ್ಟುವುದಕ್ಕೆ ಸಮಾನ ಉದ್ದೇಶದ ೩೪. ಸೆಷನ್ಸ್ ಕೋರ್ಟು ಕೆಲವರನ್ನು ಬಿಟ್ಟಿತು. ಉಳಿದವರಿಗೆ ಆ ಘಟನೆಯೊಡನೆ ಏನೋ ಸಂಬಂಧವಿರುವಂತೆ ತೋರುವ ಕೆಲವು ಸಾಮಗ್ರಿಯಿದೆಯೆಂದು ಅವರನ್ನು ವಿಚಾರಣೆಗೆ ನಿಲ್ಲಿಸಹೊರಟಿತು. ಅವರಲ್ಲಿ ಕೆಲವರು ಹೈಕೋರ್ಟಿಗೆ ಹೋದರು. ಹೈಕೋರ್ಟು ಕಾಗದಗಳನ್ನು ತೆರೆದು ನೋಡಿ, ಇವರ ಮೇಲೆ ಹೇಳತಕ್ಕ ಆಧಾರವೇ ಇಲ್ಲವೆಂದು ತನ್ನ ಸ್ವಾಭಾವಿಕ ಅಧಿಕಾರದಿಂದ ಮೊಕದ್ದಮೆಯನ್ನು ರದ್ದುಮಾಡಿತು. ಸರ್ಕಾರ ದೆಹಲಿಯವರೆಗೆ ಹೋಯಿತು, ಅಲ್ಲಿಯೂ ಸೋತಿತು.

ಆ ತೀರ್ಪನ್ನು ಬರೆದವರು ನ್ಯಾಯಮೂರ್ತಿ ವೈ. ವಿ. ಚಂದ್ರಚೂಡರು. ಅವರು ಹೇಳಿದ್ದರ ಸಾರ ಹೀಗೆ: ಪೋಲೀಸರ ಕಾಗದಗಳಲ್ಲಿರುವುದನ್ನೆಲ್ಲ ಯಾರೂ ಅಲ್ಲಗಳೆಯದೆ ಹಾಗೆಯೇ ಒಪ್ಪಿಕೊಂಡರೂ ಅದರ ಮೇಲೆ ಶಿಕ್ಷೆಯಾಗುವ ಸಂಭವ ನ್ಯಾಯವಾಗಿ ಕಾಣುತ್ತದೆಯೇ ಎಂದು ನೋಡಬೇಕು, ಕಾಣದಿದ್ದರೆ ಮುಂದಕ್ಕೆ ಹೋಗಬಾರದು. ಕೋರ್ಟಿನ ನಡವಳಿ ಕಿರುಕುಳದ ಆಯುಧವಾಗಿ ಕೆಡುವುದಕ್ಕೆ ಎಡೆಗೊಡಬಾರದೆಂದೂ ಅವರು ಎಚ್ಚರಿಸಿದರು. ‘ಏನೋ ಸಂಬಂಧವಿದೆ’ ಎಂಬುದಕ್ಕೂ ‘ಸಾಕಷ್ಟು ಆಧಾರವಿದೆ’ ಎಂಬುದಕ್ಕೂ ನಡುವೆ ಇರುವ ಅಂತರವೇ ಈ ಕಲಮಿನ ಜೀವ. ಕಾರ್ಮಿಕ ಸಂಘದ ಕಾರ್ಯದರ್ಶಿಗೆ ಆ ಸಂಘದ ಸದಸ್ಯನು ಮಾಡಿದ ಜಗಳದೊಡನೆ ‘ಏನೋ ಸಂಬಂಧ’ ಯಾವಾಗಲೂ ಇದ್ದೇ ಇರುತ್ತದೆ. ಅಣ್ಣನ ಅಂಗಡಿಯ ಜಗಳದೊಡನೆ ಪಕ್ಕದ ಊರಿನಲ್ಲಿರುವ ತಮ್ಮನಿಗೂ ಇರುತ್ತದೆ. ಅಷ್ಟರಿಂದಲೇ ಒಬ್ಬನನ್ನು ಕೊಲೆಗಡುಕರ ಸಾಲಿನಲ್ಲಿ ನಿಲ್ಲಿಸಬಹುದೆ?

ಮಾರನೆಯ ವರ್ಷ, ೧೯೭೮ರಲ್ಲಿ, ಒರಿಸ್ಸಾದ ಭೂಸ್ವಾಧೀನದ ಮೊಕದ್ದಮೆಯೊಂದರಲ್ಲಿ (ಪ್ರಫುಲ್ಲ ಕುಮಾರ್ ಸಾಮಲ್ ಎಂಬವರದು) ಸುಪ್ರೀಂ ಕೋರ್ಟು ಇನ್ನೂ ಸ್ಪಷ್ಟವಾಗಿ ಹೇಳಿತು: ನ್ಯಾಯಾಧೀಶನು ಬರಿಯ ಅಂಚೆಕಛೇರಿಯಲ್ಲ, ಸರ್ಕಾರಿ ಪಕ್ಷದ ಬಾಯಿಯೂ ಅಲ್ಲ. ಆಧಾರವಿದೆಯೇ ಇಲ್ಲವೇ ಎಂದು ನೋಡುವ ಮಟ್ಟಿಗೆ ಸಾಕ್ಷ್ಯವನ್ನು ಜಾಲಿಸಿ ತೂಗಬಹುದು. ಎರಡು ಅಭಿಪ್ರಾಯಗಳು ಸಮಸಮವಾಗಿ ಸಾಧ್ಯವಿದ್ದು, ಸಿಕ್ಕಿದ ಸಾಮಗ್ರಿ ಬರಿಯ ಸಂದೇಹವನ್ನು ಹುಟ್ಟಿಸಿ ಗಾಢ ಸಂದೇಹವನ್ನು ಹುಟ್ಟಿಸದಿದ್ದರೆ ಆಪಾದಿತನನ್ನು ಬಿಡುವುದಕ್ಕೆ ಪೂರ್ಣ ಅಧಿಕಾರವಿದೆ. ಹಾಗೆಂದು ಸಾಕ್ಷಿಯೊಬ್ಬನು ನಿಜ ಹೇಳುತ್ತಾನೆಯೋ ಸುಳ್ಳು ಹೇಳುತ್ತಾನೆಯೋ ಎಂದು ಆ ಹಂತದಲ್ಲಿಯೇ ಅಗೆದು ನೋಡುವಂತಿಲ್ಲ. ಗಾಢ ಸಂದೇಹಕ್ಕೆ ಎಡೆಯಿದ್ದು, ಅದಕ್ಕೆ ತಕ್ಕ ಸಮಾಧಾನ ಸಿಕ್ಕದಿದ್ದರೆ ವಿಚಾರಣೆ ನಡೆಯಬೇಕಾದ್ದೇ. ಇದನ್ನು ಮುಚ್ಚಿಟ್ಟು ಓದುಗರಿಗೆ ಸುಳ್ಳು ಭರವಸೆ ಕೊಡಲು ನಾವು ಇಷ್ಟಪಡುವುದಿಲ್ಲ. ಅರ್ಜಿ ಹಾಕಿದವರೆಲ್ಲರಿಗೂ ಈ ಬಾಗಿಲು ತೆರೆಯುವುದಿಲ್ಲ. ನಿಜ ಹೇಳಬೇಕೆಂದರೆ ಹೆಚ್ಚಿನವರಿಗೆ ತೆರೆಯುವುದಿಲ್ಲ.

ಹಾಗಾದರೆ ಕೊಲೆಯತ್ನದ ಆರೋಪದಲ್ಲಿ ನೋಡತಕ್ಕದ್ದೇನು? ಈ ಅಪರಾಧದ ತಿರುಳು ಗಾಯದಲ್ಲಿಲ್ಲ, ಮನಸ್ಸಿನಲ್ಲಿದೆ. ಮಾಡಿದ ಕೆಲಸದಿಂದ ಆ ಮನುಷ್ಯ ಸತ್ತಿದ್ದರೆ ಅದು ಕೊಲೆಯೇ ಆಗುತ್ತಿತ್ತು ಎನ್ನುವಂಥ ಉದ್ದೇಶವೋ ಅರಿವೋ ಇರಬೇಕು. ಮನಸ್ಸನ್ನು ಸೀಳಿ ನೋಡಲಾಗದುದರಿಂದ ಕೋರ್ಟುಗಳು ಹೊರಗಿನ ಗುರುತುಗಳನ್ನು ನೋಡುತ್ತವೆ. ಹಿಡಿದದ್ದು ಮಚ್ಚೋ, ಕೈಗೆ ಸಿಕ್ಕಿದ ಕೋಲೋ? ಪೆಟ್ಟು ಬಿದ್ದದ್ದು ಕತ್ತಿಗೋ ಎದೆಗೋ, ಅಥವಾ ಮೊಣಕಾಲಿಗೋ? ಒಂದೇ ಏಟೋ, ಬಿದ್ದವನ ಮೇಲೆ ಮತ್ತೆ ಮತ್ತೆ ಏಟೋ? ಬಿಡಿಸುವವರು ಬಾರದಿದ್ದರೆ ನಿಲ್ಲಿಸುತ್ತಿದ್ದನೋ ಇಲ್ಲವೋ? ಮೊದಲೇ ಹೊಂಚಿದ್ದೋ, ಮಾತಿಗೆ ಮಾತು ಬೆಳೆದು ಕ್ಷಣದಲ್ಲಿ ಆದದ್ದೋ? ಡಾಕ್ಟರರು ಕೊಟ್ಟ ಗಾಯದ ಸರ್ಟಿಫಿಕೇಟು, ಪಂಚನಾಮೆ, ಪೋಲೀಸರು ಬರೆದುಕೊಂಡ ಸಾಕ್ಷಿಗಳ ಹೇಳಿಕೆ ಇವುಗಳಲ್ಲಿಯೇ ಈ ಪ್ರಶ್ನೆಗಳಿಗೆ ಉತ್ತರವಿರಬೇಕು.

ಗಾಯ ಸಣ್ಣದಾದ್ದರಿಂದಲೇ ಕಲಮು ಬಿದ್ದುಹೋಗುತ್ತದೆಂದು ಕೆಲವು ಪ್ಲೀಡರುಗಳು ಕಕ್ಷಿಗಾರರಿಗೆ ಧೈರ್ಯ ಹೇಳುವುದುಂಟು. ಅದು ತಪ್ಪು. ಬಲರಾಮ ಬಾಮಾ ಪಾಟೀಲ ಎಂಬವರ ಮೊಕದ್ದಮೆಯಲ್ಲಿ ೧೯೮೩ರಲ್ಲಿಯೇ ಸುಪ್ರೀಂ ಕೋರ್ಟು, ಸಾವು ತರುವಂಥ ಗಾಯವಾಗಿಯೇ ಇರಬೇಕೆಂಬ ನಿಯಮವಿಲ್ಲ, ಉದ್ದೇಶವೇ ಮುಖ್ಯವೆಂದಿದೆ. ಗುರಿತಪ್ಪಿದ ಗುಂಡು ಗಾಯವನ್ನೇ ಮಾಡದಿದ್ದರೂ ಕೊಲೆಯತ್ನವೇ. ಆದರೆ ಈ ಮಾತಿಗೆ ಇನ್ನೊಂದು ಮುಖವಿದೆ. ಅದನ್ನೂ ಅದೇ ಕೋರ್ಟು ೨೦೧೯ರಲ್ಲಿ ಲಕ್ಷ್ಮೀನಾರಾಯಣ ಎಂಬವರ ಮೊಕದ್ದಮೆಯಲ್ಲಿ ಹೇಳಿತು. ರಾಜಿಯಾದವರು ಮೊಕದ್ದಮೆಯ ರದ್ದತಿಗೆ ಹೈಕೋರ್ಟಿಗೆ ಬಂದಾಗ ಕಾಗದದ ಮೇಲೆ ೩೦೭ ಎಂದು ಬರೆದಿದೆಯೆಂಬುದರಿಂದಲೇ ತೀರ್ಮಾನಿಸಬಾರದು. ಆ ಕಲಮು ಹೆಸರಿಗೆ ಸೇರಿಸಿದ್ದೋ, ಅದಕ್ಕೆ ತಕ್ಕ ಸಾಕ್ಷ್ಯವನ್ನು ನಿಜವಾಗಿಯೂ ಕೂಡಿಸಿದ್ದಾರೆಯೋ ಎಂದು ತನಿಖೆ ಮುಗಿದ ಮೇಲೆ ನೋಡಬೇಕು, ಎಂದು. ಹೆಸರಿಗೆ ಸೇರಿಸುವ ಪದ್ಧತಿಯಿದೆಯೆಂಬುದನ್ನು ದೇಶದ ಅತ್ಯುಚ್ಚ ನ್ಯಾಯಾಲಯವೇ ಬಲ್ಲದು. ನಾವು ಹೇಳಿದರೆ ಮಾತ್ರ ಪೋಲೀಸರಿಗೆ ಅವಮಾನವಾಗುತ್ತದೆ!

ಪೂರಾ ಬಿಡುಗಡೆಗಿಂತ ಹೆಚ್ಚಾಗಿ ದೊರೆಯುವುದು ಅರ್ಧ ಬಿಡುಗಡೆ. ೩೦೭ಕ್ಕೆ ಆಧಾರವಿಲ್ಲ, ಆದರೆ ಹೊಡೆದದ್ದಕ್ಕೆ ಆಧಾರವಿದೆಯೆಂದು ಜಡ್ಜರಿಗೆ ತೋರಿದರೆ ಅವರು ಹಲ್ಲೆಯ ಸಣ್ಣ ಕಲಮುಗಳ ಮೇಲೆ ಆಪಾದನೆ ರಚಿಸಿ ಮೊಕದ್ದಮೆಯನ್ನು ಮ್ಯಾಜಿಸ್ಟ್ರೇಟರಿಗೆ ಹಿಂತಿರುಗಿಸಬಹುದು. ಹಳೆಯ ೨೨೮, ಹೊಸ ೨೫೧ನೆಯ ಕಲಮಿನಲ್ಲಿ ಇದಕ್ಕೆ ಸ್ಪಷ್ಟವಾದ ಅವಕಾಶವಿದೆ. ಜೀವಾವಧಿಯ ಭಯ ಹೋಗಿ ಕೆಲವು ವರ್ಷಗಳ ಅಥವಾ ಜುಲ್ಮಾನೆಯ ಮಾತಾಗುತ್ತದೆ. ಸಣ್ಣ ಪೆಟ್ಟಿನ ಕಲಮುಗಳಲ್ಲಿ ಕೆಲವನ್ನು ರಾಜಿಯಿಂದಲೂ ಮುಗಿಸಬಹುದು. ಅಂಗಡಿ ಮುಂಗಟ್ಟಿನ ಜಗಳದಲ್ಲಿ ಸಿಕ್ಕಿಬಿದ್ದ ಎರಡು ಮನೆತನಗಳಿಗೆ ಇದಕ್ಕಿಂತ ದೊಡ್ಡ ಉಪಕಾರ ಬೇರೆ ಇಲ್ಲ. ಆದುದರಿಂದ ಅರ್ಜಿ ಬರೆಸುವಾಗ ‘ನನ್ನನ್ನು ಪೂರಾ ಬಿಡಿ’ ಎಂದಷ್ಟೇ ಕೇಳದೆ, ‘ಕಡೆಯ ಪಕ್ಷ ಈ ಕಲಮನ್ನು ಬಿಡಿ’ ಎಂದೂ ಕೇಳುವಂತೆ ಪ್ಲೀಡರಿಗೆ ಹೇಳಬೇಕು.

ಕಾರ್ಮಿಕರಿಗೆ ಇದಕ್ಕಿಂತ ಕಠಿಣವಾದದ್ದು ಗುಂಪಿನ ಮೊಕದ್ದಮೆ. ಹತ್ತು ಹೆಸರು ಬರೆದು ‘ಮತ್ತು ಇತರರು’ ಎಂದರೆ ಆ ‘ಇತರರು’ ಎಂಬ ಚೀಲದಲ್ಲಿ ಇಡೀ ಷಿಫ್ಟೇ ಹಿಡಿಸುತ್ತದೆ. ಐದು ಜನಕ್ಕೆ ಮೇಲ್ಪಟ್ಟ ಅಕ್ರಮ ಕೂಟದಲ್ಲಿದ್ದವರೆಲ್ಲ ಕೂಟದ ಉದ್ದೇಶಸಾಧನೆಗಾಗಿ ಯಾರೇ ಮಾಡಿದ ಅಪರಾಧಕ್ಕೂ ಹೊಣೆಯೆಂದು ಹಳೆಯ ೧೪೯ನೆಯ, ಇಂದಿನ ೧೯೦ನೆಯ ಕಲಮು ಹೇಳುತ್ತದೆ. ಮಸಾಲ್ತಿ ಎಂಬವರ ಮೊಕದ್ದಮೆಯಲ್ಲಿ ೧೯೬೪ರಷ್ಟು ಹಿಂದೆಯೇ ಸುಪ್ರೀಂ ಕೋರ್ಟು, ಕೂಟದ ಸದಸ್ಯನೇ ಆಗಿದ್ದರೆ ತನ್ನ ಕೈಯಿಂದ ಏನೂ ಮಾಡದಿದ್ದರೂ ಹೊಣೆಯಾಗಬಹುದೆಂದಿತು. ಆದರೆ ನೋಡುವ ಕುತೂಹಲದಿಂದ ನಿಂತವನು ಸದಸ್ಯನಲ್ಲ. ದೊಡ್ಡ ಗುಂಪಿನ ಮೊಕದ್ದಮೆಗಳಲ್ಲಿ ಒಬ್ಬನೇ ಸಾಕ್ಷಿಯ ಮಾತಿನ ಮೇಲೆ ಶಿಕ್ಷೆ ಕೊಡದೆ ಎರಡು ಮೂರು ಸಾಕ್ಷಿಗಳು ಒಂದೇ ರೀತಿ ಹೇಳಿದ್ದಾರೆಯೇ ಎಂದು ನೋಡುವುದು ಒಳ್ಳೆಯದೆಂದೂ ಅದೇ ತೀರ್ಪಿನಲ್ಲಿದೆ. ಆ ಮಾತು ಶಿಕ್ಷೆಯ ಹಂತದ್ದು, ನಿಜ. ಆದರೂ ಆರೋಪಪಟ್ಟಿಯ ಯಾವ ಹೇಳಿಕೆಯಲ್ಲಿಯೂ ಹೆಸರಿಲ್ಲದ, ಗುರುತುಪಟ್ಟಿಗೆ ನಿಲ್ಲಿಸದ, ಹಾಜರಿ ಪುಸ್ತಕದಲ್ಲಿ ಹೆಸರಿದ್ದುದರಿಂದ ಮಾತ್ರ ಸಿಕ್ಕಿಕೊಂಡ ಕೂಲಿಯನ್ನು ಮೊದಲ ಹಂತದಲ್ಲಿಯೇ ಬಿಡುವುದಕ್ಕೆ ಅಡ್ಡಿಯೇನು?

ಹೀಗೆ ಮೊದಲೇ ಜಾಲಿಸದಿದ್ದರೆ ಏನಾಗುತ್ತದೆಂಬುದನ್ನು ಹರಿಯಾಣದ ಮಾನೇಸರಿನಲ್ಲಿ ದೇಶವೇ ನೋಡಿತು. ೨೦೧೨ರ ಜುಲೈ ೧೮ರಂದು ಅಲ್ಲಿನ ಮಾರುತಿ ಕಾರು ಕಾರ್ಖಾನೆಯಲ್ಲಿ ಗಲಭೆಯಾಗಿ, ಬೆಂಕಿ ಬಿದ್ದು, ಒಬ್ಬ ಅಧಿಕಾರಿ ಸತ್ತರು. ಆ ಸಾವನ್ನು ಯಾವ ಕಾರ್ಮಿಕನೂ ಸಮರ್ಥಿಸಲಾರ. ಆದರೆ ಕೊಲೆ, ಕೊಲೆಯತ್ನ ಮೊದಲಾದ ಕಲಮುಗಳಲ್ಲಿ ೧೪೮ ಮಂದಿಯನ್ನು ವಿಚಾರಣೆಗೆ ನಿಲ್ಲಿಸಿದರು. ಬಹುಮಂದಿ ಎರಡು ವರ್ಷಗಳಿಗೂ ಮಿಕ್ಕಿ ಜಾಮೀನಿಲ್ಲದೆ ಜೈಲಿನಲ್ಲಿದ್ದರು. ೨೦೧೭ರ ಮಾರ್ಚಿ ೧೦ರಂದು ತೀರ್ಪಾದಾಗ ೩೧ ಮಂದಿ ತಪ್ಪಿತಸ್ಥರೆನಿಸಿದರು. ೧೧೭ ಮಂದಿ ಖುಲಾಸೆಯಾದರು. ನೂರ ಹದಿನೇಳು! ಕಳೆದುಹೋದ ಅವರ ವರ್ಷಗಳನ್ನು, ಅವರ ಕೆಲಸವನ್ನು ಯಾವ ತೀರ್ಪು ಹಿಂದಕ್ಕೆ ಕೊಟ್ಟಿತು? ನಮ್ಮ ಕಣ್ಣೆದುರಿಗೇ ೨೦೧೬ರ ಏಪ್ರಿಲ್ ೧೮ ಮತ್ತು ೧೯ರಂದು ಭವಿಷ್ಯನಿಧಿಯ ಹೊಸ ನಿಯಮದ ವಿರುದ್ಧ ಬೆಂಗಳೂರಿನ ಗಾರ್ಮೆಂಟ್ಸ್ ಹೆಣ್ಣುಮಕ್ಕಳು ಸಾವಿರಗಟ್ಟಲೆ ರಸ್ತೆಗಿಳಿದರು. ಕಲ್ಲು ತೂರಾಟವಾಯಿತು, ಬಸ್ಸುಗಳು ಸುಟ್ಟವು, ಲಾಠಿ ಬೀಸಿತು, ಬಂಧನಗಳಾದವು. ದೆಹಲಿಯ ಸರ್ಕಾರ ೧೯ರಂದೇ ಆ ನಿಯಮವನ್ನು ಹಿಂತೆಗೆದುಕೊಂಡಿತು. ತಪ್ಪು ನಿಯಮವನ್ನು ಒಂದು ದಿನದಲ್ಲಿ ಹಿಂತೆಗೆಯಬಹುದು. ಹೂಡಿದ ಕ್ರಿಮಿನಲ್ ಮೊಕದ್ದಮೆ ಹಾಗೆ ಹಿಂದಕ್ಕೆ ಹೋಗುವುದಿಲ್ಲ.

ಇಲ್ಲಿ ಕಾನೂನಿನ ಒಂದು ವಿಪರೀತವನ್ನು ಓದುಗರ ಮುಂದಿಡಬೇಕು. ಆಪಾದಿತನನ್ನು ಡಿಸ್ಚಾರ್ಜು ಮಾಡಿದರೆ ಜಡ್ಜರು ಕಾರಣಗಳನ್ನು ಬರೆಯತಕ್ಕದ್ದೆಂದು ಕಲಮಿನಲ್ಲಿಯೇ ಇದೆ. ಆಪಾದನೆ ರಚಿಸಿ ವಿಚಾರಣೆಗೆ ನಿಲ್ಲಿಸಿದರೆ ಕಾರಣ ಬರೆಯಬೇಕೆಂದಿಲ್ಲ; ವಿವರವಾಗಿ ಬರೆಯುವುದು ಅನಗತ್ಯವೆಂದು ೨೦೦೦ದಲ್ಲಿ ಸುಪ್ರೀಂ ಕೋರ್ಟೇ ಹೇಳಿತು. ಕೋರ್ಟುಗಳ ಹೊರೆ ಹೆಚ್ಚಬಾರದೆಂಬುದು ಅದರ ಇಂಗಿತ. ಕೆಲಸದ ಒತ್ತಡದಲ್ಲಿರುವ ಜಡ್ಜರಿಗೆ ಇದರಿಂದ ಸುಲಭವಾದ ದಾರಿ ಯಾವುದಾಗುತ್ತದೆ? ಬಿಡುವುದಕ್ಕೆ ಹತ್ತು ಪುಟ ಬರೆಯಬೇಕು, ನಿಲ್ಲಿಸುವುದಕ್ಕೆ ಎರಡು ಸಾಲು ಸಾಕು. ಮನುಷ್ಯನ ಸ್ವಾತಂತ್ರ್ಯವನ್ನು ಉಳಿಸುವುದಕ್ಕೆ ಕಾರಣ ಬೇಕು, ಅದನ್ನು ತೂಗುಗತ್ತಿಯ ಕೆಳಗಿಡುವುದಕ್ಕೆ ಬೇಡ ಎಂಬ ಈ ಏರ್ಪಾಡು ನಮಗೆ ತಲೆಕೆಳಗಾಗಿ ಕಾಣುತ್ತದೆ. ಹತ್ತು ವರ್ಷಕ್ಕೆ ಮೇಲ್ಪಟ್ಟ ಶಿಕ್ಷೆಯ ಆರೋಪಗಳಲ್ಲಾದರೂ ಆಪಾದಿತನು ಆಕ್ಷೇಪ ಎತ್ತಿದರೆ ಅರ್ಧ ಪುಟದ ಉತ್ತರವನ್ನು ಬರೆಯಬೇಕೆಂದು ಕಾನೂನು ತಿದ್ದಬೇಕು.

ಈಗ ಕೆಲಸಕ್ಕೆ ಬರುವ ನಾಲ್ಕು ಮಾತು. ಹಳೆಯ ಸಂಹಿತೆಯಲ್ಲಿ ಈ ಅರ್ಜಿಗೆ ದಿನದ ಗಡುವಿರಲಿಲ್ಲ. ಹೊಸ ಸಂಹಿತೆಯ ೨೫೦ನೆಯ ಕಲಮಿನ ಪ್ರಕಾರ ಮ್ಯಾಜಿಸ್ಟ್ರೇಟರು ಮೊಕದ್ದಮೆಯನ್ನು ಸೆಷನ್ಸಿಗೆ ಒಪ್ಪಿಸಿದ ತಾರೀಖಿನಿಂದ ೬೦ ದಿನಗಳೊಳಗೆ ಆಪಾದಿತನು ಡಿಸ್ಚಾರ್ಜಿಗೆ ಅರ್ಜಿ ಹಾಕಬಹುದು. ಈ ತಾರೀಖು ಯಾವುದೆಂದು ನಮ್ಮ ಜನರಿಗೆ ಗೊತ್ತೇ ಆಗುವುದಿಲ್ಲ. ಮಾದನಾಯಕನಹಳ್ಳಿ ಠಾಣೆಯ ಮೊಕದ್ದಮೆ ಮೊದಲು ಹೋಗುವುದು ನೆಲಮಂಗಲದ ಮ್ಯಾಜಿಸ್ಟ್ರೇಟರಿಗೆ, ಅಲ್ಲಿ ಸಿ.ಸಿ. ನಂಬರಿರುತ್ತದೆ. ಒಪ್ಪಿಸಿದ ಮೇಲೆ ಸೆಷನ್ಸಿನಲ್ಲಿ ಎಸ್.ಸಿ. ನಂಬರು ಬೀಳುತ್ತದೆ. ‘ವಾಯಿದೆ ಮುಂದಕ್ಕೆ ಹೋಯಿತು’ ಎಂದು ಗುಮಾಸ್ತೆ ಹೇಳಿದ್ದನ್ನು ಕೇಳಿ ಮನೆಗೆ ಬರುವವನಿಗೆ ಆ ದಿನ ಅವನ ಅರವತ್ತು ದಿನಗಳು ಆರಂಭವಾದವೆಂದು ಯಾರು ಹೇಳುತ್ತಾರೆ? ಆದುದರಿಂದ ಪ್ರತಿ ವಾಯಿದೆಯಲ್ಲಿಯೂ ‘ಒಪ್ಪಿಸಿದರೋ?’ ಎಂದು ಕೇಳಿ ತಾರೀಖನ್ನು ಬರೆದಿಟ್ಟುಕೊಳ್ಳಬೇಕು. ಅರವತ್ತು ದಿನ ದಾಟಿದವರು ಎಲ್ಲ ಮುಗಿಯಿತೆಂದು ಕೈಚೆಲ್ಲಬೇಕಾಗಿಲ್ಲ. ದಾಖಲೆ ನೋಡಿ, ಇತ್ತಂಡದವರನ್ನು ಕೇಳಿ, ಆಧಾರವಿಲ್ಲದಿದ್ದರೆ ಬಿಡತಕ್ಕದ್ದೆಂಬ ಕರ್ತವ್ಯವನ್ನು ಅದೇ ಕಲಮಿನ ಎರಡನೆಯ ಉಪಕಲಮು ಜಡ್ಜರ ಮೇಲೆಯೇ ಹೊರಿಸಿದೆ; ಅದಕ್ಕೆ ದಿನದ ಲೆಕ್ಕವನ್ನು ಹಚ್ಚಿಲ್ಲ. ಆ ವಾದವನ್ನು ಪ್ಲೀಡರು ಎತ್ತಬೇಕು.

ಎರಡನೆಯದು ಕಾಗದಗಳು. ಆರೋಪಪಟ್ಟಿ, ಹೇಳಿಕೆಗಳು, ಗಾಯದ ಸರ್ಟಿಫಿಕೇಟು ಎಲ್ಲವುಗಳ ನಕಲನ್ನೂ ಆಪಾದಿತನಿಗೆ ಉಚಿತವಾಗಿ ಕೊಡಬೇಕು; ಅವನು ಹಾಜರಾದ ದಿನದಿಂದ ೧೪ ದಿನ ದಾಟಬಾರದೆಂದು ಹೊಸ ಕಾನೂನು. ಎಣಿಸಿ ತೆಗೆದುಕೊಳ್ಳಬೇಕು. ಪುಟ ಕಡಿಮೆಯಿದ್ದರೆ ಅಲ್ಲಿಯೇ ಹೇಳಬೇಕು. ಈ ಹಂತದಲ್ಲಿ ನಮ್ಮ ಕಡೆಯ ಕಾಗದಕ್ಕೆ ಬೆಲೆಯಿಲ್ಲವೆಂಬುದನ್ನೂ ತಿಳಿದಿರಬೇಕು. ಆ ಹೊತ್ತಿನಲ್ಲಿ ತಾನು ಬೇರೆ ಕಡೆ ಇದ್ದೆನೆಂಬ ರಸೀತಿಯನ್ನೋ ಚಿತ್ರವನ್ನೋ ತಂದರೆ ಜಡ್ಜರು ನೋಡುವುದಿಲ್ಲ. ಪೋಲೀಸರು ತಂದದ್ದನ್ನಷ್ಟೇ ನೋಡಬೇಕೆಂದು ದೇವೇಂದ್ರನಾಥ ಪಾಢಿ ಎಂಬವರ ಮೊಕದ್ದಮೆಯಲ್ಲಿ ೨೦೦೪ರಲ್ಲಿ ತೀರ್ಮಾನವಾಗಿದೆ. ಕಾರ್ಖಾನೆಯ ಗೇಟಿನಲ್ಲಿ ಕ್ಯಾಮರಾ ಇತ್ತು, ಪೋಲೀಸರು ಅದನ್ನು ತೆಗೆದುಕೊಂಡೂ ಹೋದರು, ಆದರೆ ಆರೋಪಪಟ್ಟಿಯಲ್ಲಿ ಅದರ ಸುಳಿವೇ ಇಲ್ಲ ಎನ್ನಿ. ಆಗೇನು? ಅದಕ್ಕೊಂದು ಕಿಂಡಿಯಿದೆ. ನಮ್ಮ ಬಿಡದಿಯ ಆಶ್ರಮವೊಂದರ ಮೊಕದ್ದಮೆಯಲ್ಲಿ ೨೦೧೭ರಲ್ಲಿ ಸುಪ್ರೀಂ ಕೋರ್ಟು, ತನಿಖೆಗಾರರು ತಡೆಹಿಡಿದ ಸಾಮಗ್ರಿ ಅಪ್ಪಟವಾದದ್ದೂ ನಿರ್ಣಾಯಕವಾದದ್ದೂ ಆಗಿದ್ದರೆ ಆಪಾದನೆಯ ಹಂತದಲ್ಲಿಯೂ ಅದನ್ನು ತರಿಸಬಹುದೆಂದಿದೆ. ಒಬ್ಬ ಸ್ವಾಮಿಯ ಮೊಕದ್ದಮೆಯಿಂದ ಬಂದ ಮಾತು ಕಾರ್ಖಾನೆಯ ಕೂಲಿಗೂ ಸಲ್ಲುತ್ತದೆ.

ಅರ್ಜಿ ವಜಾ ಆದರೆ ೯೦ ದಿನಗಳೊಳಗೆ ಹೈಕೋರ್ಟಿಗೆ ರಿವಿಜನ್ ಹಾಕಬಹುದು. ಅಲ್ಲಿಗೆ ಹೋಗುವ ಖರ್ಚು ಯಾರದು ಎಂಬುದೇ ಪ್ರಶ್ನೆ. ಈ ಪ್ರಶ್ನೆಗೆ ೧೯೮೭ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯ ೧೨ನೆಯ ಕಲಮು ಒಂದು ಉತ್ತರ ಕೊಟ್ಟಿದೆ. ಕೈಗಾರಿಕಾ ಕಾರ್ಮಿಕನಿಗೆ, ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ವರ್ಗದವರಿಗೆ, ಬಂಧನದಲ್ಲಿರುವವನಿಗೆ ಆದಾಯದ ಲೆಕ್ಕವನ್ನೇ ಕೇಳದೆ ಉಚಿತ ವಕೀಲರನ್ನು ಒದಗಿಸಬೇಕು. ಕಾರ್ಮಿಕನೆಂಬ ಒಂದೇ ಅರ್ಹತೆ ಸಾಕು. ಕಾರ್ಖಾನೆಯ ಗುರುತಿನ ಚೀಟಿ ಜೇಬಿನಲ್ಲಿಟ್ಟುಕೊಂಡು ಓಡಾಡುವ ಎಷ್ಟು ಮಂದಿಗೆ ಇದು ಗೊತ್ತು? ಸಣ್ಣ ವ್ಯಾಪಾರಿಗೆ ಮಾತ್ರ ಆದಾಯದ ಮಿತಿಯೊಳಗಿದ್ದರೆ ಸಿಕ್ಕುತ್ತದೆ. ಹೆಂಡತಿಯ ತಾಳಿ ಅಡವಿಟ್ಟು ಪ್ಲೀಡರನ್ನು ಹಿಡಿಯುವ ಮುಂಚೆ ತಾಲ್ಲೂಕು ಕಾನೂನು ಸೇವಾ ಸಮಿತಿಯ ಮೆಟ್ಟಿಲನ್ನೊಮ್ಮೆ ಹತ್ತಬೇಕು.

ಮೊಕದ್ದಮೆಯಿಂದ ಪಾರಾಗುವುದಕ್ಕೆ ಇನ್ನೊಂದು ದಾರಿಯಿದೆ; ಅದು ವಿಧಾನಸೌಧದ ಮೂಲಕ ಹೋಗುತ್ತದೆ. ಸರ್ಕಾರವೇ ಮೊಕದ್ದಮೆಯನ್ನು ಹಿಂತೆಗೆದುಕೊಳ್ಳುವುದು. ೨೦೨೪ರಲ್ಲಿ ರಾಜ್ಯ ಸರ್ಕಾರ ಹುಬ್ಬಳ್ಳಿಯ ೨೦೨೨ರ ಗಲಭೆಯ ಮೊಕದ್ದಮೆಯೂ ಸೇರಿ ೪೩ ಮೊಕದ್ದಮೆಗಳನ್ನು ಹಿಂತೆಗೆಯಹೊರಟಿತು. ೨೦೨೫ರ ಮೇ ತಿಂಗಳಲ್ಲಿ ಹೈಕೋರ್ಟು ಆ ಆಜ್ಞೆಯನ್ನು ರದ್ದುಮಾಡಿತು. ಯಾವ ಪಕ್ಷ ಅಧಿಕಾರದಲ್ಲಿದ್ದರೂ ತನ್ನವರ ಮೇಲಿನ ಮೊಕದ್ದಮೆಗಳಿಗೆ ಈ ದಾರಿ ಹುಡುಕುವುದನ್ನು ನಾವು ಕಂಡಿದ್ದೇವೆ. ದುಡಿಯುವವರಿಗೆ ಇದು ಬೇಡ. ಮಂತ್ರಿಯ ಕೃಪೆಯಿಂದ ಹೋದ ಮೊಕದ್ದಮೆ ಮನುಷ್ಯನನ್ನು ಮಂತ್ರಿಯ ಬಾಲಕ್ಕೆ ಕಟ್ಟುತ್ತದೆ. ಆಧಾರವಿಲ್ಲವೆಂದು ಜಡ್ಜರು ಬರೆದ ಡಿಸ್ಚಾರ್ಜಿನ ಆಜ್ಞೆಯನ್ನು ಹಿಡಿದು ಆತ ಕಾರ್ಖಾನೆಯ ಗೇಟಿಗೆ ತಲೆಯೆತ್ತಿ ಹೋಗಬಹುದು. ಸಸ್ಪೆಂಡಾದವನು ಕೆಲಸ ಕೇಳುವಾಗ ಆ ಕಾಗದಕ್ಕೆ ಬೆಲೆಯಿದೆ.

ಇಷ್ಟೆಲ್ಲ ಹೇಳುವಾಗ ಪೆಟ್ಟು ತಿಂದವನನ್ನು ನಾವು ಮರೆತಿಲ್ಲ. ಅವನೂ ಬಹುಮಟ್ಟಿಗೆ ನಮ್ಮವನೇ. ಬಾಡಿಗೆ ರೌಡಿಗಳಿಂದ ಮಚ್ಚಿನೇಟು ತಿಂದ ಕಾರ್ಮಿಕನ ಮೊಕದ್ದಮೆಯಲ್ಲಿ ೧೦೯ರ ಬದಲು ‘ಸಾಧಾರಣ ಪೆಟ್ಟು’ ಎಂದು ಬರೆಯುವ ಕೈಯೂ, ಗೇಟಿನ ನೂಕಾಟಕ್ಕೆ ೧೦೯ ಬರೆಯುವ ಕೈಯೂ ಒಂದೇ. ಕಲಮನ್ನು ಏರಿಸುವುದೂ ಇಳಿಸುವುದೂ ಠಾಣೆಯ ಮೇಜಿನ ಮೇಲೆ ಚೌಕಾಸಿಯ ಸರಕಾಗಿರುವುದರಿಂದಲೇ ಎರಡು ಕಡೆಯೂ ಅನ್ಯಾಯ. ಕತ್ತಿಗೆ ಮಚ್ಚು ಬೀಸಿದವನು ಡಿಸ್ಚಾರ್ಜು ಕೇಳಿದರೆ ಸರ್ಕಾರಿ ವಕೀಲರು ಎದ್ದುನಿಂತು ಬಲವಾಗಿ ವಿರೋಧಿಸಲಿ. ಅದೇ ವಕೀಲರು ಆಧಾರವಿಲ್ಲದ ಕಡೆ ‘ಆಧಾರವಿಲ್ಲ’ ಎಂದು ಒಪ್ಪಿಕೊಳ್ಳುವ ಧೈರ್ಯವನ್ನೂ ತೋರಿಸಲಿ. ಅವರು ಪೋಲೀಸರ ನೌಕರರಲ್ಲ.

ಹೊಸ ಸಂಹಿತೆಯ ೨೦ನೆಯ ಕಲಮಿನಲ್ಲಿ ಹತ್ತು ವರ್ಷಕ್ಕೆ ಮೇಲ್ಪಟ್ಟ ಶಿಕ್ಷೆಯ ಮೊಕದ್ದಮೆಗಳ ಮೇಲೆ ಕಣ್ಣಿಡುವುದು ಪ್ರಾಸಿಕ್ಯೂಷನ್ ನಿರ್ದೇಶಕರ ಕೆಲಸವೆಂದಿದೆ. ಕೊಲೆಯತ್ನದ ಆರೋಪಪಟ್ಟಿ ಕೋರ್ಟಿಗೆ ಹೋಗುವ ಮೊದಲು ಗಾಯದ ಸರ್ಟಿಫಿಕೇಟನ್ನೂ ಹೇಳಿಕೆಗಳನ್ನೂ ಪಕ್ಕಪಕ್ಕದಲ್ಲಿಟ್ಟು ಓದುವ ವ್ಯವಸ್ಥೆಯನ್ನು ಅವರ ಕಛೇರಿ ಮಾಡಲಿ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದವರು ಮಾದನಾಯಕನಹಳ್ಳಿ, ಪೀಣ್ಯ, ನೆಲಮಂಗಲಗಳ ಕಾರ್ಖಾನೆಗಳ ಸೂಚನಾ ಫಲಕದ ಮೇಲೆ ಕನ್ನಡದಲ್ಲಿಯೂ, ಹೊರನಾಡಿನಿಂದ ಬಂದ ಕೂಲಿಗಳಿಗಾಗಿ ಹಿಂದಿಯಲ್ಲಿಯೂ ಎರಡು ಸಂಗತಿಗಳನ್ನು ಹಾಕಿಸಲಿ: ಕಾರ್ಮಿಕನಿಗೆ ವಕೀಲರು ಉಚಿತ, ಸೆಷನ್ಸಿಗೆ ಒಪ್ಪಿಸಿದ ದಿನದಿಂದ ಅರವತ್ತು ದಿನ. ಅವರು ಹಾಕಿಸುವವರೆಗೆ ನಮ್ಮ ಸಂಘಗಳ ಫಲಕಗಳ ಮೇಲೆ ಈ ಎರಡು ಸಾಲನ್ನು ಸೀಮೆಸುಣ್ಣದಲ್ಲಿ ಬರೆದಿಡುವುದಕ್ಕೆ ಯಾರ ಅಪ್ಪಣೆಯೂ ಬೇಕಾಗಿಲ್ಲ.